ಊರಿಗೆ ಬಂದವನಿಗೆ ಯಾರು ಕುರ್ಚಿ ಹಾಕಿದರು?

ಕಳೆದ ತಿಂಗಳು ಒಂದು ರಾತ್ರಿ ನಾವು ಹನ್ನೊಂದು ಜನ ಹಾಸ್ಟೆಲಿನ ರೂಮಿನ ಗೋಡೆಗೆ ಬಿಳಿ ಪಂಚೆ ಕಟ್ಟಿ, ಎರವಲು ತಂದ ಪ್ರೊಜೆಕ್ಟರಿನಲ್ಲಿ ಒಂದು ಸಿನಿಮಾ ನೋಡಿದೆವು. ಪಶ್ಚಿಮ ಆಫ್ರಿಕಾದ ಮಾಲಿ ದೇಶದ ಒಂದು ಹಳ್ಳಿಯ ಸಿನಿಮಾ. ಹೆಸರು 'ಲಾ ವೀ ಸುರ್ ತೇರ್', ಅಂದರೆ ಭೂಮಿಯ ಮೇಲಿನ ಬದುಕು. 1998ರದ್ದು, 61 ನಿಮಿಷದ್ದು. ಅದರಲ್ಲಿ ಮಾತಾಡುವ ಫ್ರೆಂಚೂ ನಮಗೆ ಬಾರದು, ಬಂಬಾರವೂ ಬಾರದು. ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ನಮ್ಮೊಳಗೊಬ್ಬ ಕನ್ನಡದಲ್ಲಿ ಗಟ್ಟಿಯಾಗಿ ಹೇಳುತ್ತಾ ಹೋದ. ಮುಗಿದು ಲೈಟ್ ಹಾಕಿದಾಗ ಮೂಲೆಯಲ್ಲಿ ಕೂತಿದ್ದವನು, 'ಏನ್ಲಾ ಇದು, ಏನೂ ಆಗ್ಲೇ ಇಲ್ವಲ್ಲ!' ಅಂದ. ಅವನ ಮಾತು ಸುಳ್ಳಲ್ಲ. ಈ ಸಿನಿಮಾದಲ್ಲಿ ಏನೂ ಆಗುವುದಿಲ್ಲ. ಆದರೆ ಏನೂ ಆಗದೆ ಇರುವುದಕ್ಕೆ ಯಾರು ಕಾರಣ, ಆ ಕಾರಣವನ್ನು ಸಿನಿಮಾ ಎಲ್ಲೀತನಕ ಹೇಳುತ್ತದೆ, ಎಲ್ಲಿ ಬಾಯಿ ಮುಚ್ಚಿಕೊಳ್ಳುತ್ತದೆ ಅನ್ನುವುದರ ಮೇಲೆ ನಾವು ಬೆಳಗಿನ ಜಾವದವರೆಗೂ ಜಗಳ ಆಡಿದೆವು. ಆ ಜಗಳದ ಬರೆಹ ಇದು.

ಕತೆ ಅಂತ ಹೇಳಬೇಕೆಂದರೆ ಇಷ್ಟೆ. ಪ್ಯಾರಿಸ್ಸಿನಲ್ಲಿರುವ ದ್ರಾಮಾನ್ ಎಂಬುವನು ಅಪ್ಪನಿಗೆ ಕಾಗದ ಬರೆದು, ಸೊಕೊಲೊ ಎಂಬ ಹಳ್ಳಿಗೆ ಬರುತ್ತಾನೆ. 2000ನೇ ಇಸವಿ ಇನ್ನೇನು ಬಂತು ಅನ್ನುವ ಹೊತ್ತು. ಊರಲ್ಲಿ ಸೈಕಲ್ ಹೊಡೆಯುತ್ತಾನೆ. ಪಕ್ಕದ ಊರಿಂದ ಸೈಕಲ್ಲಿನಲ್ಲೇ ಬಂದ ನಾನಾ ಎಂಬ ಹುಡುಗಿಯನ್ನು ಕಾಣುತ್ತಾನೆ. ಅವಳು ಫೋನು ಮಾಡಲು ಅಂಚೆ ಕಚೇರಿಗೆ ಹೋಗುತ್ತಾಳೆ. ಫೋನು ಸಿಗುವುದಿಲ್ಲ. ಮುಗೀತು.

ದ್ರಾಮಾನ್ ಆಗಿರುವವನು ನಿರ್ದೇಶಕ ಅಬ್ದೆರಹ್ಮಾನ್ ಸಿಸಾಕೊನೇ. ಅಪ್ಪನಾಗಿ ಕೂತಿರುವವನು ಅವನ ಸ್ವಂತ ಅಪ್ಪ. ಮಿಕ್ಕವರು ಊರಿನವರು, ಊರಿನವರಾಗಿಯೇ ಇದ್ದಾರೆ. ಸಿಸಾಕೊ ಹುಟ್ಟಿದ್ದು 1961ರಲ್ಲಿ, ಪಕ್ಕದ ಮಾರಿಟೇನಿಯಾ ದೇಶದ ಕಿಫಾದಲ್ಲಿ. ಬೆಳೆದದ್ದು ಮಾಲಿಯಲ್ಲಿ, ಸಿನಿಮಾ ಕಲಿತದ್ದು ಮಾಸ್ಕೋದಲ್ಲಿ, ನೆಲೆ ನಿಂತದ್ದು ಫ್ರಾನ್ಸಿನಲ್ಲಿ. ಸೊಕೊಲೊ ಅವನು ಹುಟ್ಟಿದ ಊರಲ್ಲ, ಅಪ್ಪನ ಊರು. ಇದು ನೆನಪಿರಲಿ, ಮುಂದೆ ಬೇಕಾಗುತ್ತದೆ. 2000ನೇ ಇಸವಿಯ ಬಗ್ಗೆ ಸಿನಿಮಾ ಮಾಡಿಕೊಡಿ ಅಂತ ಆರ್ಟೆ ಎಂಬ ಯೂರೋಪಿನ ಟೀವಿ ಚಾನೆಲ್ಲು ಬೇರೆ ಬೇರೆ ದೇಶದ ಹತ್ತು ಜನ ನಿರ್ದೇಶಕರನ್ನು ಕೇಳಿತ್ತು. ಅವರಲ್ಲಿ ಇವನೊಬ್ಬ. ಕೊಟ್ಟ ದುಡ್ಡು ಹಿಡಿದುಕೊಂಡು ಇವನು ಅಪ್ಪನ ಊರಿಗೆ ಹೋದ.

ಮೊದಲ ದೃಶ್ಯ ಪ್ಯಾರಿಸ್ಸಿನ ದೊಡ್ಡ ಅಂಗಡಿ. ಕಣ್ಣು ಕುಕ್ಕುವ ಬೆಳಕು. ಬೆಣ್ಣೆ, ಚೀಸು, ಅದರ ಪಕ್ಕ ಇನ್ನೊಂದು ಥರದ ಚೀಸು, ಅದರ ಪಕ್ಕ ಮತ್ತೊಂದು. ಒಂದು ಸೀಮೆಗೆ ಆಗುವಷ್ಟು ಬೆಣ್ಣೆ. ಅಲ್ಲಿಂದ ಕ್ಯಾಮೆರಾ ಮಾಲಿಯ ಬಯಲಿನ ಒಂದು ಭಾರೀ ಮರದ ಕೆಳಗೆ ಬಂದುಬಿಡುತ್ತದೆ. ಇದಕ್ಕೆ ಅದಕ್ಕೆ ಏನು ಸಂಬಂಧ ಅಂತ ಯಾರೂ ಭಾಷಣ ಮಾಡುವುದಿಲ್ಲ. ನಮ್ಮ ಬೀದಿನಾಟಕದವರು (ನಮ್ಮನ್ನೂ ಸೇರಿಸಿ) ಇಲ್ಲಿ ಒಂದು ಹಾಡು, ಎರಡು ಘೋಷಣೆ ಹಾಕದೆ ಬಿಡುತ್ತಿರಲಿಲ್ಲ.

ಹಳ್ಳಿಗೆ ಬಂದು ನಿಲ್ಲುವ ನಾಯಕನ ಸಿನಿಮಾ ನಮಗೇನೂ ಹೊಸದಲ್ಲ. 1972ರ 'ಬಂಗಾರದ ಮನುಷ್ಯ'ದ ರಾಜೀವ ಅಕ್ಕನ ಊರಿಗೆ ಬಂದು ಬಂಜರು ನೆಲ ಹಸನು ಮಾಡಿದ. ಅದನ್ನು ನೋಡಿ ಪಟ್ಟಣದ ಕೆಲಸ ಬಿಟ್ಟು ಹಳ್ಳಿಗೆ ಹೋದವರ ಕತೆಗಳನ್ನು ಈಗಲೂ ಹೇಳುತ್ತಾರೆ. ಉಳಲು ನೆಲ ಇದ್ದವರು ಹೋಗಿರಬೇಕು. ಕಾರಂತರ ಕಾದಂಬರಿಯಿಂದ ಮಾಡಿದ 'ಚಿಗುರಿದ ಕನಸು' 2003ರಲ್ಲಿ ಬಂತು. ಮಾರನೇ ವರ್ಷ ಹಿಂದಿಯ 'ಸ್ವದೇಶ್' ಬಂತು, ಅಮೆರಿಕದಿಂದ ಬಂದ ವಿಜ್ಞಾನಿ ಹಳ್ಳಿಗೆ ಕರೆಂಟು ಕೊಟ್ಟ. ಈ ಸಿನಿಮಾಗಳಲ್ಲಿ ಹಳ್ಳಿ ಅನ್ನುವುದು ಕತ್ತಲಲ್ಲಿ ಕೂತು ಒಬ್ಬನಿಗಾಗಿ ಕಾಯುತ್ತಿರುತ್ತದೆ. ಅವನು ಬಂದ ಮೇಲೆಯೇ ಅಲ್ಲಿ ಗಡಿಯಾರ ತಿರುಗುವುದು.

ಸೊಕೊಲೊ ಯಾರನ್ನೂ ಕಾಯುತ್ತಿಲ್ಲ. ಸಿಸಾಕೊನ ದೊಡ್ಡಸ್ತಿಕೆ ಇರುವುದೇ ಇಲ್ಲಿ. ದ್ರಾಮಾನ್ ಬಂದದ್ದರಿಂದ ಆ ಊರಿನಲ್ಲಿ ಒಂದು ಹುಲ್ಲುಕಡ್ಡಿಯೂ ಅಲುಗುವುದಿಲ್ಲ. ದರ್ಜಿ ಹೊಲಿಯುತ್ತಿದ್ದಾನೆ, ಫೋಟೋದವನು ಬೀದಿಯಲ್ಲೇ ಫೋಟೋ ತೆಗೆಯುತ್ತಿದ್ದಾನೆ, ಬತ್ತದ ಗದ್ದೆಗೆ ಹಕ್ಕಿಗಳು ಬೀಳುತ್ತಿವೆ, ರೈತರು ಅದರ ಕಷ್ಟ ಹೇಳಿಕೊಳ್ಳುತ್ತಿದ್ದಾರೆ. ಓದಿ ಬಂದವನ ಹತ್ತಿರ ಆ ಹಕ್ಕಿಗಳಿಗೆ ಮದ್ದಿಲ್ಲ. ಇಲ್ಲ ಅನ್ನುವುದನ್ನು ಅವನು ಮುಚ್ಚಿಡುವುದೂ ಇಲ್ಲ. ಪ್ಯಾಂಟು ಬಿಚ್ಚಿ ಊರಿನವರ ನಿಲುವಂಗಿ ಹಾಕಿಕೊಂಡು ಸೈಕಲ್ ತುಳಿಯುತ್ತಾನೆ, ನೋಡುತ್ತಾನೆ, ಅಷ್ಟೆ.

ಅಂಚೆ ಕಚೇರಿಯ ದೃಶ್ಯಗಳನ್ನು ನಾವು ಎರಡನೇ ಸಲ ಹಾಕಿಸಿ ನೋಡಿದೆವು. ಜನ ಬರುತ್ತಾರೆ, ನಂಬರು ಕೊಡುತ್ತಾರೆ, ಕಾಯುತ್ತಾರೆ. ಅಂಚೆಯವನು ತಿರುಗಿಸಿ ತಿರುಗಿಸಿ ನೋಡುತ್ತಾನೆ. ಹಲೋ, ಹಲೋ. ಆಚೆಯಿಂದ ಉಸಿರಿಲ್ಲ. ಫೋನು ಸಿಗುವುದು ಅದೃಷ್ಟದ ಮಾತು ಅನ್ನುವ ಅರ್ಥದಲ್ಲಿ ಅವನು ಮಾತಾಡುತ್ತಾನೆ, ಬೇಜಾರಿಲ್ಲ, ಕೋಪ ಇಲ್ಲ. ಇನ್ನೊಬ್ಬ ಹೊರದೇಶದಲ್ಲಿರುವ ತಮ್ಮವನಿಗೆ ಕಷ್ಟ ಸುಖ ಹೇಳಿ ಕಾಗದ ಬರೆಸುತ್ತಾನೆ. ಆ ಕಾಗದ ಹೋಗಿ ಮುಟ್ಟುತ್ತದೋ ಇಲ್ಲವೋ, ಸಿನಿಮಾ ಹೇಳುವುದಿಲ್ಲ.

ಆದರೆ ಒಂದು ಮಾತ್ರ ತಪ್ಪದೆ ಮುಟ್ಟುತ್ತದೆ. ರೇಡಿಯೋ. ಮನೆ ಗೋಡೆಯ ನೆರಳಲ್ಲಿ ಕೆಲವರು ಗಂಡಸರು ಕುರ್ಚಿ ಹಾಕಿಕೊಂಡು ಕೂತಿದ್ದಾರೆ. ಪ್ಯಾರಿಸ್ಸಿನ ರೇಡಿಯೋ ಫ್ರೆಂಚಿನಲ್ಲಿ ಹೊಸ ಸಹಸ್ರಮಾನದ ಸಂಭ್ರಮ ಹೇಳುತ್ತಿದೆ, ಯಾವ ಊರಲ್ಲಿ ಹೇಗೆ ಹಬ್ಬ, ಎಲ್ಲಿ ಎಷ್ಟು ಜನ. ಬಿಸಿಲು ಏರುತ್ತದೆ, ನೆರಳು ಗೋಡೆಯ ಕಡೆ ಸರಿಯುತ್ತದೆ. ಅವರು ಕುರ್ಚಿ ಎಳೆದುಕೊಂಡು ಹಿಂದೆ ಹೋಗುತ್ತಾರೆ. ಮತ್ತೆ ನೆರಳು ಸರಿಯುತ್ತದೆ, ಮತ್ತೆ ಕುರ್ಚಿ. ಕೊನೆಗೆ ನೆರಳೇ ಇಲ್ಲ. ಜಗತ್ತಿನ ಮಾತು ಸೊಕೊಲೊಗೆ ಬರುತ್ತದೆ, ಸೊಕೊಲೊದ ಮಾತು ಜಗತ್ತಿಗೆ ಹೋಗುವುದಿಲ್ಲ. ರೇಡಿಯೋ ಮತ್ತು ಫೋನು, ಈ ಎರಡೇ ಸಾಮಾನಿನಿಂದ ಸಿಸಾಕೊ ಇದನ್ನು ಹೇಳಿಬಿಟ್ಟಿದ್ದಾನೆ. ನಮ್ಮ ವಿಶ್ವವಿದ್ಯಾಲಯಗಳಲ್ಲಿ ಇದೇ ಮಾತಿಗೆ ಮುನ್ನೂರು ಪುಟದ ಪ್ರಬಂಧ ಬರೆಸುತ್ತಾರೆ.

ಊರಿಗೂ ತನ್ನದೊಂದು ರೇಡಿಯೋ ಇದೆ. ಚಿಕ್ಕ ಕೋಣೆಯಲ್ಲಿ ನಡೆಯುವಂಥದ್ದು. 1991ರಲ್ಲಿ ಮೂಸಾ ತ್ರಾವೋರೆಯ ಮಿಲಿಟರಿ ಆಡಳಿತ ಬಿದ್ದ ಮೇಲೆ ಮಾಲಿಯಲ್ಲಿ ಇಂಥ ರೇಡಿಯೋಗಳು ಹುಟ್ಟಿಕೊಂಡವು. ಸೊಕೊಲೊದ ರೇಡಿಯೋದ ಹೆಸರು 'ರೇಡಿಯೋ ಕೊಲೊನ್'. ಈ ಕೊಲೊನ್ ಎನ್ನುವ ಮಾತಿನ ಹಿಂದೆ ಹೋದರೆ ಒಂದು ದೊಡ್ಡ ಕತೆಯೇ ಇದೆ. ಫ್ರೆಂಚಿನಲ್ಲಿ ಆ ಪದಕ್ಕೆ ವಲಸೆ ಬಂದು ನೆಲ ಹಿಡಿದವನು, ವಸಾಹತುಗಾರ ಅಂತ ಅರ್ಥ. ಆದರೆ ಸೊಕೊಲೊ ಇರುವ ಸೀಮೆಯಲ್ಲಿ ಕೊಲೊನ್ ಅಂದರೆ ನೆಲ ಹಿಡಿದ ಬಿಳಿಯನಲ್ಲ, ಗದ್ದೆಯಲ್ಲಿ ಬೆನ್ನು ಬಾಗಿಸುವ ಕರಿಯ. ಫ್ರೆಂಚರು 1932ರಲ್ಲಿ 'ಒಫೀಸ್ ದು ನೀಜೇರ್' ಎಂಬ ಸಂಸ್ಥೆ ಕಟ್ಟಿ, ನೈಜರ್ ನದಿಗೆ ಮಾರ್ಕಾಲಾದಲ್ಲಿ ಅಣೆಕಟ್ಟು ಹಾಕಿ, ಕಾಲುವೆ ತೋಡಿಸಿದರು. ಬೇಕಾಗಿದ್ದದ್ದು ಅವರ ಗಿರಣಿಗೆ ಹತ್ತಿ, ಜೊತೆಗೆ ಬತ್ತ. ಕೆಲಸ ಮಾಡಿದ್ದು ಬಿಟ್ಟಿಗೆ ಹಿಡಿದು ತಂದ ಆಳುಗಳು. ದೂರದೂರದ ಹಳ್ಳಿಗಳಿಂದ, ಈಗಿನ ಬುರ್ಕೀನಾ ಫಾಸೊದಿಂದಲೂ ಸಂಸಾರ ಸಮೇತ ಎಬ್ಬಿಸಿ ತಂದು ಇಲ್ಲಿ ಕೂರಿಸಿದರು. ಹಾಗೆ ಕೂರಿಸಿದವರಿಗೆ ಕೊಲೊನ್ ಅಂತ ಹೆಸರಿಟ್ಟರು. ಫ್ರೆಂಚರು 1960ರಲ್ಲಿ ಹೋದರೂ ನೆಲ ಉಳುವವನದಾಗಲಿಲ್ಲ, ಸರ್ಕಾರದ್ದಾಯಿತು. ನೀರಿನ ಕಂದಾಯ ಕಟ್ಟದಿದ್ದರೆ ಗದ್ದೆ ಬಿಡಬೇಕು. ಸಿನಿಮಾಕ್ಕೆ ನಾಲ್ಕು ವರ್ಷ ಮುಂಚೆ, 1994ರ ಜನವರಿಯಲ್ಲಿ, ಫ್ರಾಂಕಿನ ಲೆಕ್ಕದಲ್ಲಿ ಅವರ ನಾಣ್ಯದ ಬೆಲೆಯನ್ನು ಒಂದೇ ಏಟಿಗೆ ಅರ್ಧ ಮಾಡಿದರು.

ಇವು ಯಾವುವನ್ನೂ ಸಿನಿಮಾ ಬಿಡಿಸಿ ಹೇಳುವುದಿಲ್ಲ. ಅಲ್ಲಿ ಬರುವುದು ಏಮೆ ಸೆಜೇರನ ಮಾತುಗಳು. ಸೆಜೇರ್ ಮಾರ್ಟಿನೀಕ್ ದ್ವೀಪದ ಕರಿಯ ಕವಿ. ಪ್ಯಾರಿಸ್ಸಿನಲ್ಲಿ ಓದಿ, 'ಹುಟ್ಟೂರಿಗೆ ಮರಳಿದ ಟಿಪ್ಪಣಿ' ಎಂದು ನಾವು ಕರೆಯಬಹುದಾದ ಕಾವ್ಯವನ್ನು 1939ರಲ್ಲಿ ಅಚ್ಚು ಹಾಕಿಸಿದವನು. 1950ರಲ್ಲಿ ವಸಾಹತುಶಾಹಿಯ ಮೇಲೆ ಬೆಂಕಿಯಂಥ ಗದ್ಯ ಬರೆದವನು. ಆ ಸಾಲುಗಳನ್ನು ಸಿಸಾಕೊ ತನ್ನ ಕಂಠದಲ್ಲಿ ಹೇಳುತ್ತಾನೆ, ಊರಿನ ರೇಡಿಯೋದವನೂ ಓದುತ್ತಾನೆ. ಬೇರೆಯವರ ನೋವನ್ನು ಕೈಕಟ್ಟಿ ನೋಡುತ್ತಾ ನಿಲ್ಲಬೇಡ ಅಂತ ಕವಿ ತನ್ನನ್ನೇ ಎಚ್ಚರಿಸಿಕೊಳ್ಳುವ ಭಾಗ ಬಂದಾಗ, ಕ್ಯಾಮೆರಾ ಹಿಡಿದು ಬಂದ ಸಿಸಾಕೊ ತನ್ನ ಮೇಲೇ ಕೇಸು ಹಾಕಿಕೊಂಡಂತೆ ಕೇಳುತ್ತದೆ. ಸೆಜೇರನ ಹುಟ್ಟೂರು ಯಾವುದು ಅಂತ ಒಂದು ನಿಮಿಷ ಯೋಚಿಸಿ. ಅವನ ಹಿರೀಕರನ್ನು ಆಫ್ರಿಕಾದಿಂದ ಹಡಗಲ್ಲಿ ತುಂಬಿಕೊಂಡು ಹೋಗಿ ಮಾರಿದ ಜಾಗ ಅದು. ಮಾರಿದ ಜಾಗವನ್ನೇ ಅವನು ನನ್ನ ನೆಲ ಅಂತ ಕರೆದ. ಅವನಿಗೆ ಮರಳುವುದು ಅಂದರೆ ಅಪ್ಪನ ಅಂಗಳಕ್ಕೆ ಹೋಗಿ ಕೂರುವುದಾಗಿರಲಿಲ್ಲ. ಆ ನೆಲವನ್ನು ಇನ್ನೊಂದು ಸಲ ಹೆಸರಿಡಬೇಕಾಗಿತ್ತು.

ಸಿಸಾಕೊನಿಗೆ ಅಪ್ಪನ ಅಂಗಳ ಇದೆ. ನಮ್ಮ ತಕರಾರು ಶುರುವಾಗುವುದು ಇಲ್ಲಿ.

ಮಗನ ಕಾಗದ ಬರುತ್ತದೆ, ಅಪ್ಪ ಅದನ್ನು ಓದುತ್ತಾನೆ. ಈ ದೃಶ್ಯ ಬಂದಾಗ ರೂಮಿನಲ್ಲಿ ಯಾರೂ ಮಾತಾಡಲಿಲ್ಲ. ನಮ್ಮ ಹನ್ನೊಂದು ಜನರಲ್ಲಿ ಒಂಬತ್ತು ಜನರ ಅಪ್ಪಂದಿರಿಗೆ ಓದು ಬಾರದು. ನಾವು ಕಾಗದ ಬರೆದರೆ ಅದನ್ನು ಓದಿಸಿಕೊಳ್ಳಲು ಇನ್ನೊಬ್ಬರ ಜಗಲಿ ಕೆಳಗೆ ನಿಲ್ಲಬೇಕಾಗಿತ್ತು. ಈಗ ಮೊಬೈಲು ಬಂದಿದೆ. ಅಪ್ಪ ಮಿಸ್ ಕಾಲ್ ಕೊಡ್ತಾನೆ, ಅವ್ವ ವಾಟ್ಸಾಪಿನಲ್ಲಿ ದನಿ ಕಳಿಸ್ತಾಳೆ. ಕಾಗದ ಅನ್ನುವ ಒಂದು ಮೆಟ್ಟಿಲನ್ನು ಹತ್ತದೆಯೇ ನಮ್ಮ ಮನೆಗಳು ಮುಂದಕ್ಕೆ ಬಂದುಬಿಟ್ಟಿವೆ. ಸೊಕೊಲೊದ ಅಪ್ಪ ಓದುತ್ತಾನೆ ಅಂತ ನಮಗೆ ಹೊಟ್ಟೆಯುರಿ ಅಲ್ಲ. ಆದರೆ ಆ ಊರಿನಲ್ಲಿ ಓದುವ ಅಪ್ಪ ಯಾರು, ಕಾಗದ ಬರೆಸಿಕೊಳ್ಳಲು ಬಂದವನು ಯಾರು, ಕುರ್ಚಿ ಯಾರದು, ಆ ಗೋಡೆ ಯಾರದು? ಬಡತನ ಎಲ್ಲರಿಗೂ ಒಂದೇ ಥರ ಹಂಚಿದೆ ಅನ್ನುವಂತೆ ಸಿನಿಮಾ ತೋರಿಸುತ್ತದೆ. ಬಿಸಿಲು ಎಲ್ಲರ ಮೇಲೂ ಬೀಳುತ್ತೆ, ನಿಜ. ನೆರಳಿನ ಗೋಡೆ ಎಲ್ಲರಿಗೂ ಇರುತ್ತಾ?

ಹುಟ್ಟೂರು ಅನ್ನುವ ನಮ್ಮ ಕನ್ನಡದ ಮಾತನ್ನೇ ನೋಡಿ. ಅದು ಎಷ್ಟು ಮುದ್ದಾದ ಮಾತು ಅಂತ ಪಠ್ಯಪುಸ್ತಕದಲ್ಲಿ ಓದಿದ್ದೇವೆ. ನಾವು ಯಾರೂ ಊರಲ್ಲಿ ಹುಟ್ಟಿದವರಲ್ಲ. ಊರು ಅಂದರೆ ಅತ್ತ, ಕೇರಿ ಅಂದರೆ ಇತ್ತ, ನಡುವೆ ಒಂದು ಹಳ್ಳವೋ ರಸ್ತೆಯೋ. 'ಊರೊಳಕ್ಕೆ ಹೋಗ್ಬತ್ತೀನಿ' ಅಂತ ಅವ್ವ ಹೇಳಿ ಹೊರಡುತ್ತಿದ್ದಳು, ಅರ್ಧ ಫರ್ಲಾಂಗು ದೂರಕ್ಕೆ. ಹುಟ್ಟೂರಿಗೆ ಮರಳುವುದು ಅಂದಾಗ ನಾವು ಎಲ್ಲಿಗೆ ಮರಳಬೇಕು? 1948ರ ನವೆಂಬರ್ 4ರಂದು ಸಂವಿಧಾನ ಸಭೆಯಲ್ಲಿ ಬಾಬಾಸಾಹೇಬರು ಹಳ್ಳಿಯನ್ನು ಹೊಗಳುವವರ ಮೇಲೆ ಸಿಟ್ಟಿನಿಂದ ಮಾತಾಡಿದ್ದು ಸುಮ್ಮನೆ ಅಲ್ಲ.

ಇದನ್ನು ಆಫ್ರಿಕಾಕ್ಕೆ ಹೊತ್ತುಕೊಂಡು ಹೋಗುವುದು ಸರಿಯಾ ಅಂತ ನಮ್ಮಲ್ಲೇ ಒಬ್ಬಳು ಕೇಳಿದಳು. 'ನಮ್ಮೂರ ಕನ್ನಡಕ ಹಾಕ್ಕೊಂಡು ಮಾಲೀನ ನೋಡಬಾರದು' ಅಂದಳು. ಒಪ್ಪುವ ಮಾತು. ಮಾಲಿಯಲ್ಲಿ ನಮ್ಮಲ್ಲಿರುವಂಥ ಅಸ್ಪೃಶ್ಯತೆ ಇಲ್ಲ. ಆದರೆ ಏನೂ ಇಲ್ಲ ಅನ್ನುವುದು ತಪ್ಪು. ಕಮ್ಮಾರರು, ಚರ್ಮದ ಕೆಲಸದವರು, ಹಾಡಿ ವಂಶಾವಳಿ ಹೇಳುವ ಜೆಲಿಗಳು, ಇವರೆಲ್ಲ 'ನ್ಯಾಮಕಲಾ' ಎಂಬ ಗುಂಪಿನವರು. ಕಸುಬು ಹುಟ್ಟಿನಿಂದ ಬರುತ್ತೆ, ಮದುವೆ ಅವರವರಲ್ಲೇ. ಅವರ ಮಾತಿಗೆ, ಕೈಗೆ ಮೇಲಿನವರು ಹೆದರುತ್ತಾರೆ ಕೂಡ, ಹಾಗಾಗಿ ನಮ್ಮ ಹಾಗೆಯೇ ಅಂತ ಹೇಳಲಾಗದು. ಇನ್ನೂ ಕೆಳಗೆ, ಒಂದು ಕಾಲದಲ್ಲಿ ಕೊಂಡು ತಂದ ಗುಲಾಮರ ಸಂತತಿ ಅನ್ನಿಸಿಕೊಂಡವರು.

ತಮಾಷೆ ಎಂದರೆ ಈ ವಿಚಾರ ಸಿನಿಮಾದ ಒಳಗೇ ಒಂದು ಕಡೆ ಅಡಗಿ ಕೂತಿದೆ. ಅದರಲ್ಲಿ ಸಲಿಫ್ ಕೇಟಾನ 'ಫೊಲೊನ್' ಹಾಡು ಬರುತ್ತದೆ, ಫೊಲೊನ್ ಅಂದರೆ ಹಿಂದಿನ ಕಾಲ. ಕೇಟಾ 13ನೇ ಶತಮಾನದ ದೊರೆ ಸುಂಜಾಟಾನ ವಂಶದವನು ಅನ್ನಿಸಿಕೊಂಡ ಮನೆಯವನು. ಹಾಡುವುದು ಜೆಲಿಗಳ ಕಸುಬು, ದೊರೆ ಮನೆಯವನು ಹಾಡಬಾರದು. ಮೇಲಿಂದ ಅವನಿಗೆ ಹುಟ್ಟಿನಿಂದ ಮೈ ಬಿಳುಪು, ಅದು ಅಪಶಕುನ ಅಂತ ಬೇರೆ. ಮನೆಯವರ ವಿರೋಧ ಕಟ್ಟಿಕೊಂಡೇ ಅವನು ಹಾಡಿದ. ಕಸುಬಿನ ಕಟ್ಟು ಮುರಿದವನ ಕಂಠ ಆ ಬಯಲಿನ ಮೇಲೆ ತೇಲುತ್ತಿದೆ. ಆದರೆ ಕೆಳಗೆ ಕೂತ ಜನರೊಳಗೆ ಆ ಕಟ್ಟು ಎಲ್ಲೆಲ್ಲಿದೆ ಅಂತ ಕ್ಯಾಮೆರಾ ಹುಡುಕುವುದಿಲ್ಲ.

ಹುಡುಕಿದವರು ಆಫ್ರಿಕಾದಲ್ಲಿ ಇಲ್ಲದೆ ಇಲ್ಲ. ಸೆನೆಗಲ್ಲಿನ ಉಸ್ಮಾನ್ ಸೆಂಬೆನ್ 1977ರಲ್ಲೇ 'ಸೆಡ್ಡೊ' ಮಾಡಿ, ಗುಲಾಮರನ್ನು ಮಾರುವುದರಲ್ಲಿ ನಮ್ಮವರ ಕೈಯೂ ಇತ್ತು ಅಂತ ಮುಖಕ್ಕೆ ಹೊಡೆದಂತೆ ತೋರಿಸಿದ. ಅಲ್ಲಿನ ಸರ್ಕಾರ ಅದನ್ನು ತಡೆಯಿತು. ಹೆಸರಿನಲ್ಲಿ 'ಡ' ಒಂದೇ ಇರಬೇಕು, ಎರಡು ಹಾಕಿದ್ದೀಯ ಅನ್ನುವುದು ಕೊಟ್ಟ ಕಾರಣ! ಸಿಸಾಕೊ ಆ ದಾರಿ ಹಿಡಿಯಲಿಲ್ಲ. ಅವನ 2006ರ 'ಬಮಾಕೊ' ಸಿನಿಮಾದಲ್ಲಿ ವಿಶ್ವಬ್ಯಾಂಕಿನ ಮೇಲೆ ವಿಚಾರಣೆ ನಡೆಯುತ್ತದೆ, ಅದ್ಭುತವಾದ ಕಲ್ಪನೆ. ನಡೆಯುವುದು ಎಲ್ಲಿ? ಮತ್ತೆ ಅಪ್ಪನ ಮನೆ ಅಂಗಳದಲ್ಲೇ. 2014ರ 'ಟಿಂಬಕ್ಟು'ವಿನಲ್ಲಿ ಬಂದೂಕು ಹಿಡಿದು ಊರಿಗೆ ನುಗ್ಗುವ ಮತಾಂಧರು. ಮೂರರಲ್ಲೂ ಕೇಡು ಹೊರಗಿನಿಂದ ಬರುತ್ತದೆ, ಅಂಗಳ ಒಳ್ಳೆಯದು. ಹೊರಗಿನ ಕೇಡು ಸುಳ್ಳು ಅಂತ ನಾವು ಹೇಳುತ್ತಿಲ್ಲ. 2020ರ ಜನವರಿಯಲ್ಲಿ ಇದೇ ಸೊಕೊಲೊದ ಪೊಲೀಸು ಪಡೆಯ ಠಾಣ್ಯದ ಮೇಲೆ ದಾಳಿ ನಡೆದು ಇಪ್ಪತ್ತರಷ್ಟು ಜನ ಸತ್ತರು. ನಾವು ಕೇಳುತ್ತಿರುವುದು ಅಂಗಳದ ಒಳಗಿನ ಲೆಕ್ಕ.

ಆ ಲೆಕ್ಕ ಕೇಳಿದವರಿಗೆ ಏನಾಯಿತು ಅನ್ನುವುದೂ ಮಾಲಿಯದೇ ಕತೆ. ಫ್ರಾನ್ಸಿಗೆ ದುಡಿಯಲು ಹೋದವರಲ್ಲಿ ಬಹುಮಂದಿ ದೇಶದ ಪಶ್ಚಿಮದ ಕಾಯ್ ಸೀಮೆಯವರು. ಗುಲಾಮರ ಮನೆತನ ಅಂತ ಕರೆಸಿಕೊಂಡವರ ಮಕ್ಕಳೂ ಅವರಲ್ಲಿದ್ದರು. ನಾವೆಲ್ಲ ಸಮಾನರು ಅನ್ನುವ ಅರ್ಥದ ಹೆಸರಿಟ್ಟುಕೊಂಡ 'ಗಂಬನಾ' ಚಳುವಳಿ ಪ್ಯಾರಿಸ್ಸು, ಮಾರಿಟೇನಿಯಾ, ಮಾಲಿಗಳ ನಡುವೆ ವಾಟ್ಸಾಪಿನ ದನಿಗಳಲ್ಲೇ ಹಬ್ಬಿತು. ಇನ್ನು ಮೇಲೆ ನಮ್ಮನ್ನು ಗುಲಾಮರು ಅನ್ನಬೇಡಿ, ಮದುವೆಮನೆಯ ಬಿಟ್ಟಿ ಚಾಕರಿ ನಾವು ಮಾಡುವುದಿಲ್ಲ ಅಂದರು. 2018ರಿಂದೀಚೆಗೆ ಹಾಗಂದವರಿಗೆ ಹಳ್ಳಿಗಳಲ್ಲಿ ಬಾವಿ ನೀರು ನಿಲ್ಲಿಸಿದರು, ಹೊಲ ಕಸಿದರು, ಹೊಡೆದು ಊರು ಬಿಡಿಸಿದರು. 2020ರ ಸೆಪ್ಟೆಂಬರಿನಲ್ಲಿ ಒಂದು ಹಳ್ಳಿಯಲ್ಲಿ ನಾಲ್ವರನ್ನು ಹೊಡೆದು ಕೊಂದರು. ಬಹಿಷ್ಕಾರ ಅನ್ನುವ ಪದದ ಅರ್ಥವನ್ನು ನಮ್ಮ ಓದುಗರಿಗೆ ನಾವು ಬಿಡಿಸಿ ಹೇಳಬೇಕಾಗಿಲ್ಲ. ಇವರಲ್ಲೊಬ್ಬ ಪ್ಯಾರಿಸ್ಸಿನಿಂದ ಊರಿಗೆ ಬಂದಿದ್ದರೆ ಅವನಿಗೆ ಆ ಗೋಡೆಯ ನೆರಳಲ್ಲಿ ಯಾರು ಕುರ್ಚಿ ಹಾಕುತ್ತಿದ್ದರು?

ಬಿಳಿಯರ ಚಾನೆಲ್ಲಿಗೆ ಮಾಡಿದ ಸಿನಿಮಾದಲ್ಲಿ ಮನೆಯ ಜಗಳ ತೋರಿಸಿದರೆ ಬಿಳಿಯರಿಗೆ ಖುಷಿಯಾಗುತ್ತಿತ್ತಷ್ಟೆ, ಅದಕ್ಕೇ ಸಿಸಾಕೊ ಸುಮ್ಮನಿದ್ದಾನೆ ಅಂತ ಒಂದು ವಾದ ಬಂತು. ಈ ವಾದಕ್ಕೆ ತೂಕ ಇದೆ. ಆದರೆ ಇದನ್ನು ನಾವು ಬೇರೆ ಬಾಯಲ್ಲೂ ಕೇಳಿದ್ದೇವೆ. 2001ರಲ್ಲಿ ಅದೇ ಆಫ್ರಿಕಾದ ಡರ್ಬನ್ನಿನಲ್ಲಿ ವರ್ಣಭೇದದ ವಿರುದ್ಧ ಜಾಗತಿಕ ಸಮ್ಮೇಳನ ನಡೆದಾಗ, ಜಾತಿಯ ಮಾತು ಅಲ್ಲಿ ಎತ್ತಕೂಡದು ಅಂತ ಭಾರತ ಸರ್ಕಾರ ಪಟ್ಟು ಹಿಡಿಯಿತು. ಅದು ನಮ್ಮ ಮನೆಯ ವಿಚಾರ ಅಂತ.

ಇಷ್ಟೆಲ್ಲ ಹೇಳಿದ ಮೇಲೂ ಈ ಸಿನಿಮಾವನ್ನು ನಾವು ಬಿಟ್ಟುಕೊಡುವುದಿಲ್ಲ. ಅಪ್ಪನಿಗೆ ಬರೆದ ಕಾಗದದಲ್ಲಿ ಮಗ ಒಂದು ಪ್ರಶ್ನೆ ಕೇಳುತ್ತಾನೆ. ನಿನ್ನಿಂದ ದೂರ ಇದ್ದು ಕಲಿಯುವುದು, ನಮ್ಮದನ್ನು ಮರೆಯುವುದರ ಬೆಲೆ ಬಾಳುತ್ತದೆಯೇ ಅಂತ. ಪದವಿ ಹಿಡಿದುಕೊಂಡು ಬಸ್ಸಿಳಿಯುವ ನಮ್ಮಂಥವರ ಗಂಟಲಲ್ಲಿ ಸಿಕ್ಕಿಕೊಂಡ ಪ್ರಶ್ನೆ ಅದು. ಆದರೆ ನಮಗೆ ಅದು ಎರಡು ತುದಿಯಲ್ಲೂ ಚುಚ್ಚುತ್ತದೆ. ಅವ್ವನ ಹಾಡು, ತಮಟೆಯ ಗತ್ತು, ಅಜ್ಜ ಹೇಳುತ್ತಿದ್ದ ಬೈಗುಳ, ಇವು ಮರೆತುಹೋಗುತ್ತಿವೆ, ಮರೆಯಬಾರದು. ಹೋಟೆಲ್ಲಿನ ಹೊರಗೆ ತೆಂಗಿನ ಚಿಪ್ಪಿನಲ್ಲಿ ಚಾ ಕುಡಿದದ್ದನ್ನು ಅಜ್ಜ ಮರೆಯಬೇಕು ಅಂತಿದ್ದ, ಊರು ಮರೆಯಗೊಡಲಿಲ್ಲ. ಸಿಸಾಕೊ ಕೇಳಿದ್ದು ಅರ್ಧ ಪ್ರಶ್ನೆ. ಅರ್ಧವನ್ನಾದರೂ ಇಷ್ಟು ಮೆತ್ತಗೆ, ಇಷ್ಟು ನಾಚಿಕೆಯಿಂದ, ತಾನು ದೊಡ್ಡವನು ಅನ್ನಿಸಿಕೊಳ್ಳದೆ ಕೇಳಿದವರು ನಮ್ಮ ಸಿನಿಮಾದಲ್ಲಿ ಯಾರಿದ್ದಾರೆ?

ನಾನಾಳ ಬಗ್ಗೆ ಒಂದು ಮಾತು ಬಿಟ್ಟುಹೋಯಿತು. ಒಂಟಿ ಹುಡುಗಿ ಸೈಕಲ್ ಹೊಡೆದುಕೊಂಡು ಬರುತ್ತಾಳೆ. ಯಾರ ಮನೆಯವಳು, ಯಾಕೆ ಬಂದೆ ಅಂತ ಯಾರೂ ಅವಳ ದಾರಿಗೆ ಅಡ್ಡ ಬರುವುದಿಲ್ಲ. ಫೋಟೋ ತೆಗೆಸಿಕೊಳ್ಳುತ್ತಾಳೆ. ಹಿಂದೆ ಬೀಳುವ ಹಾಡಿಲ್ಲ, ದ್ರಾಮಾನನ ಜೊತೆ ಮದುವೆಯೂ ಇಲ್ಲ. ಸಿನಿಮಾದಲ್ಲಿ ಯಾವ ಅಂಗಳಕ್ಕೂ ಸೇರದೆ ಓಡಾಡುವವಳು ಅವಳೊಬ್ಬಳೇ. ಅವಳನ್ನು ಹಿಂಬಾಲಿಸಿ ಅವಳ ಊರಿಗೆ ಹೋಗಿದ್ದರೆ ಕ್ಯಾಮೆರಾಕ್ಕೆ ಇನ್ನೊಂದು ಸಿನಿಮಾ ಸಿಗುತ್ತಿತ್ತೇನೋ.

ಬರುವ ರಜದಲ್ಲಿ ಇದನ್ನು ನಮ್ಮ ಕೇರಿಯಲ್ಲಿ ತೋರಿಸಬೇಕು ಅಂತ ಮಾತಾಗಿದೆ. ಅಂಗನವಾಡಿ ಗೋಡೆಗೆ ಹೋದ ವರ್ಷ ಸುಣ್ಣ ಹೊಡೆದಿದ್ದಾರೆ, ಪಂಚೆ ಬೇಕಾಗುವುದಿಲ್ಲ. ಕೆಳಗಿನ ಸಾಲುಗಳನ್ನು ಈ ಸಲ ಕೇರಿಯ ಮಾತಿನಲ್ಲಿ ಬರೆದಿಟ್ಟುಕೊಂಡು, ಪಿಯುಸಿ ಓದುತ್ತಿರುವ ಇಬ್ಬರು ಹುಡುಗಿಯರು ಮೈಕಿನಲ್ಲಿ ಓದುತ್ತಾರೆ. ಕೂರಲು ಚಾಪೆ ಹಾಸುತ್ತೇವೆ. ಊರಿನವರು ಯಾರಾದರೂ ಬಂದರೆ ಅವರಿಗೂ ಅದೇ ಚಾಪೆ.